ಬಾಗಿಲು ತೆಗೆಯುವವಳು

ಹತ್ತು ದಿನ ಇದ್ದು ಹೋಗೋಣವೆಂದು ಸಣ್ಣ ಪೆಟ್ಟಿಗೆಯೊಂದನ್ನು ಎಳೆದುಕೊಂಡು ಲಂಡನ್ನಿನಿಂದ ಮಗಳ ಮನೆಗೆ ಬಂದವಳು ನಾನು. ಕೊರೊನಾ ಬಂದ ವರ್ಷದ ಮಾರ್ಚ್ ಅದು. ಬಂದ ವಾರದಲ್ಲೇ ವಿಮಾನ, ಶಾಲೆ, ಚಿತ್ರೀಕರಣ ಎಲ್ಲ ಒಟ್ಟಿಗೆ ನಿಂತವು. ಬೇಸಿಗೆಯಲ್ಲಿ ವಿಮಾನಗಳು ಮತ್ತೆ ಹಾರಿದವು, ಆದರೆ ಮಗಳು ಬಿಡಲಿಲ್ಲ. ಎಪ್ಪತ್ತು ದಾಟಿದೆ, ಅಲ್ಲಿ ಒಂಟಿ ಮನೆ, ಬಿದ್ದರೆ ಎತ್ತುವವರಿಲ್ಲ, ಕೆಮ್ಮಿದರೆ ಕೇಳುವವರಿಲ್ಲ ಎಂದಳು. ನವೆಂಬರಿನ ಹೊತ್ತಿಗೆ ನಾನು ತಂದಿದ್ದ ಕುರ್ತಾಗಳೆಲ್ಲ ಒಗೆದೊಗೆದು ಒಂದೇ ಬಣ್ಣಕ್ಕೆ ಬಂದಿದ್ದವು. ನನ್ನ ತಲೆಯೂ ಹೆಚ್ಚುಕಡಿಮೆ ಹಾಗೇ ಆಗಿತ್ತು.

ಮಗಳಿರುವ ಜೂಟರ್‌ಮೀರ್ ನೆದರ್‌ಲ್ಯಾಂಡ್ಸಿನ ಅಚ್ಚುಕಟ್ಟಾದ ಊರು. ನನಗೆ ಆಗದೇ ಹೋದದ್ದು ಆ ಅಚ್ಚುಕಟ್ಟೇ. ಬೆಳಿಗ್ಗೆ ಕೆರೆಗೆ ಒಂದು ಸುತ್ತು, ಮಧ್ಯಾಹ್ನ ಟ್ರಾಮ್ ನಿಲ್ದಾಣದವರೆಗೆ ನಡೆದು ಹತ್ತದೆ ವಾಪಸು, ಸಂಜೆ ಅಡುಗೆಮನೆಯಿಂದ ಹಾಲಿಗೆ, ಹಾಲಿನಿಂದ ಅಡುಗೆಮನೆಗೆ. ಮಗಳು ಐಂಡ್‌ಹೋವನ್ನಿನ ಚಿಪ್ ಕಂಪನಿಯೊಂದರ ಎಂಜಿನಿಯರು. ಬಾಗಿಲು ಹಾಕಿಕೊಂಡು ಮೇಲಿನ ಕೋಣೆಯಲ್ಲಿ ಇಡೀ ದಿನ ಮೀಟಿಂಗಿನಲ್ಲಿ ಕೂತಿರುತ್ತಿದ್ದಳು. ಅಳಿಯನದು ರಾಟರ್‌ಡ್ಯಾಮ್ ಬಂದರಿನ ಕೆಲಸ, ಅದನ್ನು ಮನೆಯಿಂದ ಮಾಡಲಾಗುವುದಿಲ್ಲ. ಮೊಮ್ಮಗಳು ನಾನು ಕನ್ನಡದಲ್ಲಿ ಕೇಳಿದ್ದಕ್ಕೆ ಡಚ್ಚಿನಲ್ಲಿ ಉತ್ತರ ಕೊಟ್ಟು ಓಡುತ್ತಿದ್ದಳು. ಬೀದಿಯ ಮನೆಗಳ ದೊಡ್ಡ ಕಿಟಕಿಗಳಿಗೆ ಪರದೆ ಇಲ್ಲ. ಒಳಗೆ ಜನ ಉಣ್ಣುವುದು, ಜಗಳ ಆಡುವುದು, ಸುಮ್ಮನೆ ಕೂರುವುದು ಎಲ್ಲ ಕಾಣುತ್ತದೆ. ಬಾಗಿಲು ಮಾತ್ರ ಯಾರೂ ತೆರೆಯುತ್ತಿರಲಿಲ್ಲ. ತೆರೆದರೆ ಪಾರ್ಸೆಲ್ ತರುವವನಿಗೆ, ಅವನೂ ಗಂಟೆ ಒತ್ತಿ, ಡಬ್ಬ ಇಟ್ಟು, ಹಿಂದೆ ಸರಿದು ನಿಲ್ಲುತ್ತಿದ್ದ. ಗಂಟೆ ಕೇಳಿದರೆ ಸಾಕು, ಮೊಮ್ಮಗಳಿಗಿಂತ ಮೊದಲು ನಾನು ಎದ್ದೋಡುತ್ತಿದ್ದೆ. ಬಾಗಿಲು ತೆಗೆಯುವುದು ನನ್ನ ಕಸುಬು.

ತಮಾಷೆಗೆ ಹೇಳುತ್ತಿಲ್ಲ. ದಾವಣಗೆರೆಯ ಮಂಡಕ್ಕಿ ಭಟ್ಟಿಗಳ ಹೊಗೆಯಲ್ಲಿ ಬೆಳೆದು, ಮದುವೆಯಾಗಿ ಲಂಡನ್ನಿಗೆ ಹೋದವಳು ನಾನು. ಗಂಡ ಆಸ್ಪತ್ರೆಯ ಲ್ಯಾಬಿನಲ್ಲಿದ್ದರು, ಈಗ ಇಲ್ಲ. ನಮ್ಮ ಬೀದಿಯ ಸಮುದಾಯ ಭವನದಲ್ಲಿ ಒಂದು ನಾಟಕ ತಂಡವಿತ್ತು. ಮಗಳನ್ನು ಶಾಲೆಗೆ ಬಿಟ್ಟು, ಹೊತ್ತು ಕಳೆಯಲು ಅವರಿಗೆ ಚಹಾ ಮಾಡಿಕೊಡಲು ಹೋಗುತ್ತಿದ್ದೆ. ಯಾರಿಗೋ ಜ್ವರ ಬಂದ ದಿನ ನನ್ನನ್ನು ವೇದಿಕೆಗೆ ಹತ್ತಿಸಿದರು. ಇಳಿಯುವ ಮನಸ್ಸಾಗಲಿಲ್ಲ. ಅಲ್ಲಿಂದ ಟಿವಿ, ನಡುನಡುವೆ ಸಿನಿಮಾ. ಬ್ರಿಟಿಷ್ ಟಿವಿಯಲ್ಲಿ ವಾರಕ್ಕೊಂದು ಕೊಲೆ ಆಗಲೇಬೇಕು. ಕೊಲೆಯಾದ ಮೇಲೆ ಇಬ್ಬರು ಪತ್ತೇದಾರರು ಯಾರದೋ ಮನೆಯ ಬಾಗಿಲು ತಟ್ಟಲೇಬೇಕು. ತಟ್ಟಿದರೆ ತೆಗೆಯಲು ಒಬ್ಬಳು ಬೇಕಲ್ಲ. ಕೊಲೆಗಾರನ ತಾಯಿ, ಸತ್ತವನ ಅತ್ತೆ, ಮಹಡಿ ಮೇಲಿನ ಬಾಡಿಗೆಯವಳು, ಮೂಲೆ ಅಂಗಡಿಯವಳು. ಆಡು ಮುಟ್ಟದ ಸೊಪ್ಪಿಲ್ಲ ಅನ್ನುವ ಹಾಗೆ ಲಂಡನ್ನಿನಲ್ಲಿ ನಾನು ತೆಗೆಯದ ಬಾಗಿಲಿಲ್ಲ. ಇಂಥವಳನ್ನು ಅಲ್ಲಿ ಕ್ಯಾರೆಕ್ಟರ್ ಆ್ಯಕ್ಟ್ರೆಸ್ ಅನ್ನುತ್ತಾರೆ. ಕೇಳಲು ಗೌರವವಾಗಿದೆ. ಮುಖ ಎಲ್ಲೋ ನೋಡಿದ ಹಾಗಿದೆ, ಹೆಸರು ಗೊತ್ತಿಲ್ಲ ಎಂದು ಅರ್ಥ.

ಬಾಗಿಲು ತೆಗೆಯುವುದರಲ್ಲಿ ಏನಿದೆ ಎಂದು ಕೇಳುವವರಿದ್ದಾರೆ. ಇದೆ. ಹೊಸಿಲಲ್ಲಿ ನಾನು ನೆಟ್ಟಗೆ ನಿಂತರೆ ನನ್ನ ನೆರಳು ಹೀರೋನ ಮುಖದ ಮೇಲೆ ಬೀಳುತ್ತದೆ. ಆದ್ದರಿಂದ ನನ್ನ ಮಾತು ಮುಗಿಯುತ್ತಿದ್ದಂತೆ ಎಡಭುಜ ಹಿಂದಕ್ಕೆ ಎಳೆದು, ಗೋಡೆಯ ಕಡೆ ಅರ್ಧ ಹೆಜ್ಜೆ ಸರಿಯಬೇಕು. ಬೆಳಕು ಅವನಿಗೆ ಹೋಗಬೇಕು, ನಾನು ಹೋದದ್ದು ಯಾರಿಗೂ ಗೊತ್ತಾಗಬಾರದು. ಮೊದಲ ವರ್ಷಗಳಲ್ಲಿ ಒಬ್ಬ ಮುದುಕ ಕ್ಯಾಮೆರಾಮನ್ ಇದನ್ನು ಪ್ರೀತಿಯಿಂದಲೇ ಕಲಿಸಿದ. ನಿರ್ದೇಶಕರಿಗೆ ನನ್ನ ಮೇಲೆ ಅಕ್ಕರೆ ಬಂದದ್ದೇ ಇದರಿಂದ. ನನಗೆ ಹೇಳಬೇಕಾಗಿರಲಿಲ್ಲ, ನಾನೇ ಸರಿಯುತ್ತಿದ್ದೆ. ಮೂವತ್ತು ವರ್ಷ ಅನ್ನ ಹಾಕಿದ್ದು ಆ ಅರ್ಧ ಹೆಜ್ಜೆ.

ದಾವಣಗೆರೆಯಲ್ಲಿ ನನ್ನ ಅಕ್ಕ ಇದ್ದಾಳೆ. ನಾವು ಆಪಾ ಅನ್ನುತ್ತೇವೆ, ನನ್ನ ಮಗಳು ಖಾಲಾ ಅನ್ನುತ್ತಾಳೆ. ಇಂಗ್ಲಿಷು ಅವಳಿಗೆ ಅಂಗಡಿಯ ಬೋರ್ಡು ಓದುವಷ್ಟು ಬರುತ್ತದೆ. ಅವಳ ಮಗ ನನ್ನ ದೃಶ್ಯಗಳನ್ನು ಎಲ್ಲಿಂದಲೋ ಹುಡುಕಿ ತೋರಿಸಿದಾಗಲೆಲ್ಲ ಆಮೇಲೆ ಫೋನು ಮಾಡಿ, ಈ ಸಲ ನಿನ್ನ ದುಪಟ್ಟಾ ನೋಡಿದೆ, ಚೆನ್ನಾಗಿತ್ತು ಎನ್ನುತ್ತಿದ್ದಳು. ಒಮ್ಮೆ ಮೊಣಕೈ ನೋಡಿದ್ದಳು. ಇನ್ನೊಮ್ಮೆ ನನ್ನ ಬದಲು ಬೇರೆ ಯಾರನ್ನೋ ನೋಡಿ ಮೆಚ್ಚಿಕೊಂಡಿದ್ದಳು. ನಾನು ನಗುತ್ತಿದ್ದೆ, ಆದರೆ ಅದು ಒಳಗೆ ಎಲ್ಲೋ ಚುಚ್ಚುತ್ತಿತ್ತು. ಕ್ಯಾಮೆರಾ ಬರೀ ನನ್ನ ಮುಖದ ಮೇಲೆ ನಿಲ್ಲುವ ಒಂದೇ ಒಂದು ದೃಶ್ಯ ಮಾಡಿ ಸಾಯಬೇಕು ಎಂಬ ಆಸೆ ನನಗಿತ್ತು. ಈ ವಯಸ್ಸಿನಲ್ಲಿ ಆಸೆಯನ್ನು ಆಸೆ ಎಂದೇ ಹೇಳಿಬಿಡುವುದು ಲೇಸು.

ಆ ನವೆಂಬರಿನಲ್ಲಿ ನನಗೆ ಕೆಲಸ ಹುಡುಕಿಕೊಡುವ ಏಜೆಂಟ್ ಫೋನು ಮಾಡಿದಳು. ಇಂಗ್ಲೆಂಡಿನಲ್ಲಿ ಚಿತ್ರೀಕರಣ ಮತ್ತೆ ಶುರುವಾಗಿದೆ, ಒಂದು ಧಾರಾವಾಹಿಗೆ ಒಬ್ಬ ಮುದುಕಿ ಬೇಕು, ಎಲ್ಲ ಕಂತುಗಳಲ್ಲೂ ಇರುವವಳು ಎಂದಳು. ಆಯ್ಕೆಗೆಂದು ಒಂದು ದೃಶ್ಯದ ಪುಟಗಳನ್ನೂ ಕಳಿಸಿದಳು. ಗಂಡ ಸತ್ತ ಮೇಲೆ ಒಂಟಿಯಾಗಿರುವ ಆ ಮುದುಕಿಯ ಮನೆಯನ್ನು ಮಾರಲು ಮಗ ಬರುತ್ತಾನೆ, ಕೀ ಕೇಳುತ್ತಾನೆ. ಅವಳು ಹೊಸಿಲಲ್ಲೇ ನಿಂತು, ಯಾಕೆ ಕೊಡುವುದಿಲ್ಲ ಎಂದು ಹೇಳುತ್ತಾಳೆ. ಕೊನೆಯಲ್ಲಿ ಒಂದು ಸೂಚನೆ ಇತ್ತು: ಅವಳು ಕದಲುವುದಿಲ್ಲ.

ಆ ಸಾಲನ್ನು ಮತ್ತೆ ಓದಿದೆ. ಆ ಸಮಯಕ್ಕೆ ನಮ್ಮ ಮನೆಯಲ್ಲೂ ಅಂಥದೇ ಮಾತು ನಡೆಯುತ್ತಿತ್ತು. ನನ್ನದು ಬ್ರಿಟಿಷ್ ಪಾಸ್‌ಪೋರ್ಟ್, ಬ್ರಿಟನ್ ಯುರೋಪಿನ ಒಕ್ಕೂಟ ಬಿಟ್ಟು ಹೊರಟ ವರ್ಷ ಅದು. ವರ್ಷ ಮುಗಿಯುವುದರೊಳಗೆ ಹೆಮೇಂತೆಯಲ್ಲಿ, ಅಂದರೆ ಇಲ್ಲಿನ ಊರಾಡಳಿತದ ಕಚೇರಿಯಲ್ಲಿ ಹೆಸರು ಬರೆಸಿದರೆ ಈ ದೇಶದಲ್ಲಿ ಇರುವುದು ಸುಲಭ, ಆಮೇಲೆ ಕಷ್ಟ. ಲಂಡನ್ನಿನ ಮನೆ ಬಿಟ್ಟುಬಿಡಿ, ಇಲ್ಲೇ ಇರಿ ಎಂದು ಮಗಳು ದಿನಾ ಹೇಳುತ್ತಿದ್ದಳು. ಹೇಳುವಾಗ ಅವಳ ಕಣ್ಣು ಗೋಡೆಯ ಮೊಳೆಗೆ ತೂಗುಹಾಕಿದ್ದ ನನ್ನ ಬೀಗದ ಕೈಗಳ ಮೇಲಿರುತ್ತಿತ್ತು. ನಾನು ಒಂದು ಪಂದ್ಯ ಕಟ್ಟಿದೆ. ಈ ಪಾತ್ರ ಸಿಕ್ಕರೆ ಲಂಡನ್ನಿಗೆ ಹೋಗುತ್ತೇನೆ, ಅಡ್ಡ ಬರಬೇಡ. ಸಿಗದಿದ್ದರೆ ಆ ಮನೆ ಬಿಟ್ಟು, ನೀನು ಹೇಳಿದ ಕಡೆ ಸಹಿ ಹಾಕಿ, ನಿನ್ನ ಹತ್ತಿರ ಬಿದ್ದಿರುತ್ತೇನೆ. ಅವಳು ಒಪ್ಪಿದಳು. ತುಂಬ ಬೇಗ ಒಪ್ಪಿದಳು ಎಂದು ಸಿಟ್ಟೂ ಬಂತು.

ಮೊದಲಾದರೆ ಆಡಿಷನ್ನಿಗೆ ಹೋಗಿ ಎದುರು ನಿಲ್ಲಬೇಕಿತ್ತು. ಕೊರೊನಾ ಕಾಲದಲ್ಲಿ ನಟರೇ ಮನೆಯಲ್ಲಿ ದೃಶ್ಯವನ್ನು ಫೋನಿನಲ್ಲಿ ಹಿಡಿದು ಕಳಿಸಬೇಕು. ಸಾದಾ ಗೋಡೆಯ ಮುಂದೆ, ನಮ್ಮದೇ ಬಟ್ಟೆಯಲ್ಲಿ, ಕ್ಯಾಮೆರಾ ಅಲ್ಲಾಡದಂತೆ. ಎದುರು ಪಾತ್ರದ ಮಾತನ್ನು ಇನ್ನೊಬ್ಬರು ಕ್ಯಾಮೆರಾದ ಹಿಂದಿನಿಂದ ಓದಬೇಕು. ಭಾವ ತುಂಬಬಾರದು, ಒಣಗಿದ ದನಿಯಲ್ಲಿ ಓದಿದರೆ ಸಾಕು. ನಮ್ಮ ಮನೆಯಲ್ಲಿ ಆ ಇನ್ನೊಬ್ಬರು ಮಗಳೇ.

ಕೂದಲಿಗಿಂತ ಸಣ್ಣ ಗೆರೆಗಳನ್ನು ಅಳೆಯುವ ಕೆಲಸ ಅವಳದು. ಇಸ್ತ್ರಿ ಮೇಜಿನ ಮೇಲೆ ಪುಸ್ತಕ ಪೇರಿಸಿ ಫೋನು ನಿಲ್ಲಿಸಿದಳು, ನೆಲಕ್ಕೆ ಟೇಪು ಅಂಟಿಸಿ ನಾನು ನಿಲ್ಲುವ ಜಾಗ ಗುರುತು ಮಾಡಿದಳು. ಸೆಟ್ಟಿನಲ್ಲಿ ಇಂಥ ಗುರುತಿನ ಮೇಲೆ ನಿಂತೇ ನಾನು ಮುದುಕಿಯಾದದ್ದು. ಶುರು ಮಾಡಿದೆವು. ಅವಳು ಮಗನ ಮಾತು ಓದಿದಳು, ನಾನು ನನ್ನದು ಹೇಳಿದೆ. ಕಣ್ಣು ತುಂಬಿದವು, ಗಂಟಲು ಸರಿಯಾದ ಜಾಗದಲ್ಲಿ ಒಡೆಯಿತು. ಮುಗಿಸಿ ಹೆಮ್ಮೆಯಿಂದ ನೋಡಿದರೆ ಫೋನಿನಲ್ಲಿ ಗೋಡೆ ಇತ್ತು. ಗೋಡೆಯ ಅಂಚಿನಲ್ಲಿ ನನ್ನ ಕಿವಿ ಇತ್ತು.

ಮತ್ತೆ ಮಾಡಿದೆವು. ಮತ್ತೆ ಕಿವಿ. ಕುಣಿಯಲಾರದವಳು ನೆಲ ಡೊಂಕು ಅಂದಳಂತೆ. ನಾನು ಇಸ್ತ್ರಿ ಮೇಜನ್ನು ಬೈದೆ, ಪುಸ್ತಕಗಳನ್ನು ಬೈದೆ, ಆ ಹಳದಿ ಗೋಡೆಗೆ ಬಣ್ಣ ಹೊಡೆದವನನ್ನು ಬೈದೆ. ತಲೆಗೆ ಗೊತ್ತಿದೆ, ಇಲ್ಲಿ ಯಾವ ಹೀರೋನೂ ಇಲ್ಲ, ಬೆಳಕು ಬಿಟ್ಟುಕೊಡಬೇಕಾದ್ದು ಯಾರಿಗೂ ಅಲ್ಲ. ಭುಜಕ್ಕೆ ಗೊತ್ತಿಲ್ಲ. ಮಾತು ಮುಗಿಯುತ್ತಿದ್ದಂತೆ ಅದು ತಾನಾಗಿಯೇ ಹಿಂದೆ ಹೋಗುತ್ತಿತ್ತು, ಕಾಲು ಹಿಂಬಾಲಿಸುತ್ತಿತ್ತು. ಕದಲುವುದಿಲ್ಲ ಎಂದು ಬರೆದ ಕಡೆಯಲ್ಲೇ ಸರಿಯಾಗಿ ನಾನು ಕದಲುತ್ತಿದ್ದೆ.

"ಅಮ್ಮಿ, ಯಾರಿಗೆ ದಾರಿ ಬಿಡ್ತಿದ್ದೀರ? ಇಲ್ಲಿ ನಾನೊಬ್ಳೇ ಇರೋದು" ಎಂದಳು ಮಗಳು.

ಹೋಗಿ ನೀರು ಕುಡಿದೆ, ಹಾಲಿನಲ್ಲಿ ನಾಲ್ಕು ಸುತ್ತು ಹಾಕಿದೆ. ಹೊರಗೆ ಆಗಲೇ ಬೆಳಕು ಇಳಿಯುತ್ತಿತ್ತು. ನವೆಂಬರಿನಲ್ಲಿ ಇಲ್ಲಿ ಸೂರ್ಯ ಹಾಜರಿ ಹಾಕಿ ಹೋಗುತ್ತಾನೆ, ಅಷ್ಟೇ. ಮರಳಿ ಬಂದಾಗ ಮಗಳು ಫೋನನ್ನು ಪುಸ್ತಕದ ರಾಶಿಯಿಂದ ಕೈಗೆ ತೆಗೆದುಕೊಂಡಿದ್ದಳು. ಕ್ಯಾಮೆರಾ ಅಲ್ಲಾಡಬಾರದು ಎಂದು ಬರೆದಿದ್ದಾರೆ ಎಂದೆ. ಬರೆದುಕೊಳ್ಳಲಿ ಎಂದಳು. ನಾನು ಶುರು ಮಾಡಿದೆ. ನಾನು ಸರಿದ ಕಡೆಗೆ ಅವಳೂ ಸರಿದಳು. ಗೋಡೆಯ ಮೂಲೆಗೆ ಹೋದರೆ ಅಲ್ಲಿಗೂ ಬಂದಳು. ಇನ್ನು ಹೋಗಲು ಜಾಗವಿಲ್ಲದ ಕಡೆ ನನ್ನ ಬೆನ್ನು ಗೋಡೆಗೆ ತಗುಲಿತು, ಅಲ್ಲಿ ನಿಂತು ಕೊನೆಯ ಮಾತು ಹೇಳಿದೆ. ಅಷ್ಟು ಹತ್ತಿರದಿಂದ ನನ್ನನ್ನು ಯಾವ ಕ್ಯಾಮೆರಾವೂ ನೋಡಿರಲಿಲ್ಲ. ನಿಜ ಹೇಳಬೇಕೆಂದರೆ ಮಗಳೂ ನೋಡಿರಲಿಲ್ಲ.

ಅದನ್ನೇ ಕಳಿಸಿದೆವು. ಮರುದಿನ ಬೆಳಿಗ್ಗೆ ಅದನ್ನು ಆಪಾಗೂ ಕಳಿಸಿದೆ. ಬೇಕೆಂದೇ ಒಂದು ಮಾತೂ ಬರೆಯಲಿಲ್ಲ. ಮೊದಲೇ ಹೇಳಿಬಿಟ್ಟರೆ ಅಕ್ಕ ತಂಗಿಯನ್ನು ಹೊಗಳುತ್ತಾಳೆ, ಹೆತ್ತವರಿಗೆ ಹೆಗ್ಗಣ ಮುದ್ದು ಇದ್ದ ಹಾಗೆ. ಸುಮ್ಮನೆ ನೋಡಿ ಏನನ್ನುತ್ತಾಳೋ ಕೇಳಬೇಕಿತ್ತು. ಫೋನನ್ನು ಚಾರ್ಜಿಗೆ ಹಾಕಿ ಕೆರೆಯ ಕಡೆ ಹೋದೆ. ಕಾಲು ನಿಲ್ಲಲಿಲ್ಲ, ಎರಡು ಸುತ್ತು ಹಾಕಿದೆ.

ವಾಪಸು ಬಂದಾಗ ಮಗಳು ಮೆಟ್ಟಿಲ ಮೇಲೆ ಕೂತಿದ್ದಳು. ಕೆಲಸದ ಹೊತ್ತಿನಲ್ಲಿ ಅವಳು ಕೆಳಗೆ ಇಳಿಯುವವಳಲ್ಲ. ಮುಖ ಕೆಂಪಾಗಿತ್ತು. ದಾವಣಗೆರೆಯಿಂದ ಫೋನು ಬಂದಿತ್ತು ಎಂದಳು. ಯಾರಾದರೂ ಹೋದರೇ ಎಂದು ಕೇಳಿದೆ. ಆ ವರ್ಷ ದಾವಣಗೆರೆಯಿಂದ ಫೋನು ಬಂದರೆ ಮೊದಲು ಬರುತ್ತಿದ್ದ ಯೋಚನೆ ಅದೇ. ಯಾರೂ ಹೋಗಿರಲಿಲ್ಲ. ಆಪಾ ಫೋನು ಮಾಡಿದ್ದಳು. ನಾನು ಎತ್ತದಿದ್ದಾಗ ಮಗಳಿಗೆ ಮಾಡಿ, ಅವಳ ಜನ್ಮ ಜಾಲಾಡಿದ್ದಳು.

ಆಪಾ ನೋಡಿದ್ದೇನು? ವಿಗ್ಗಿಲ್ಲ, ನರ್ಸಿನ ಬಟ್ಟೆಯಿಲ್ಲ. ವಾರವಾರ ವಿಡಿಯೋ ಕಾಲಿನಲ್ಲಿ ಕಾಣುವ ಅದೇ ಹಳದಿ ಗೋಡೆ, ಅದೇ ಮಾಸಿದ ಕುರ್ತಾ, ಅದೇ ಕನ್ನಡಕ. ಅವಳ ತಂಗಿ ಅಳುತ್ತ ಹಿಂದೆ ಹಿಂದೆ ಸರಿಯುತ್ತಿದ್ದಾಳೆ, ಕದ್ದು ಹಿಡಿದಂತೆ ಅಲ್ಲಾಡುವ ಚಿತ್ರ ಅವಳನ್ನು ಮೂಲೆಗೆ ಅಟ್ಟುತ್ತಿದೆ, ಹಿಂದಿನಿಂದ ಹೆತ್ತ ಮಗಳ ದನಿ ಒಂದು ಚೂರೂ ಕರುಣೆಯಿಲ್ಲದೆ ಏನೋ ಕೇಳುತ್ತಿದೆ. ಇಂಗ್ಲಿಷಿನಲ್ಲಿ ಅವಳಿಗೆ ತಿಳಿದದ್ದು ಮದರ್, ಹೌಸ್, ಕೀ. ಅಷ್ಟು ಸಾಕಾಗಿತ್ತು. ಯುರೋಪಿನಲ್ಲಿ ಮುದುಕರನ್ನು ಆಶ್ರಮಕ್ಕೆ ಹಾಕಿ ಒಳಗೆ ಯಾರನ್ನೂ ಬಿಡುವುದಿಲ್ಲ ಎಂಬ ಸುದ್ದಿಯನ್ನು ಅವಳು ಪತ್ರಿಕೆಯಲ್ಲಿ ಓದಿದ್ದಳು. ಮಂಡಕ್ಕಿ ಭಟ್ಟಿಯ ಬೀದಿಗೆಲ್ಲ ಡಂಗುರ ಸಾರಿದ್ದಾಗಿತ್ತು. ಅವಳ ಮಗ ನನಗೆ ಟಿಕೆಟ್ಟು ಹುಡುಕುತ್ತಿದ್ದ.

ಕೂಡಲೇ ವಿಡಿಯೋ ಕಾಲ್ ಮಾಡಿದೆ. ಅದು ಪಾತ್ರ, ನಾಟಕ, ಪರೀಕ್ಷೆಗೆ ಕಳಿಸಿದ್ದು ಎಂದು ಬಿಡಿಸಿ ಬಿಡಿಸಿ ಹೇಳಿದೆ. ಆಪಾ ನಂಬಲಿಲ್ಲ. ಪಕ್ಕದಲ್ಲಿ ಅವಳು ನಿಂತಿದ್ದಾಳಾ, ಹೇಳಿಸುತ್ತಿದ್ದಾಳಾ ಎಂದು ಪಿಸುಗುಟ್ಟಿದಳು. ಫೋನು ತಿರುಗಿಸಿ ಇಡೀ ಮನೆ ತೋರಿಸಿದೆ. ಮನೆ ನೋಡಿದಳು, ನಂಬಲಿಲ್ಲ.

"ನೋಡು, ಸುಳ್ಳು ಹೇಳ್ಬೇಡ. ಮೇಲಿನ ಕೋಣೆ ಖಾಲಿ ಮಾಡ್ಸಿದೀನಿ. ಅಲ್ಲಿ ಬ್ಯಾಡಾದ್ರೆ ಇಲ್ಲಿಗೆ ಬಂದ್ಬಿಡು. ನಾನಿನ್ನೂ ಸತ್ತಿಲ್ಲ" ಎಂದಳು.

ನಗಬೇಕೆಂದುಕೊಂಡವಳಿಗೆ ನಗು ಬರಲಿಲ್ಲ. ನಾವಿಬ್ಬರೂ ಒಂದೇ ಚಾಪೆಯ ಮೇಲೆ ಮಲಗಿ ಬೆಳೆದದ್ದು ಆ ಕೋಣೆಯಲ್ಲೇ. ಅಂದಿನಿಂದ ಅವಳು ದಿನಕ್ಕೆರಡು ಸಲ ಹೊತ್ತುಗೊತ್ತಿಲ್ಲದೆ ಕರೆ ಮಾಡುವಳು. ನಾನು ಇನ್ನೂ ಮನೆಯೊಳಗೆ ಇದ್ದೇನೆಯೇ, ಉಂಡೆನೇ, ಬೀಗದ ಕೈ ಎಲ್ಲಿದೆ ಎಂದು ಕೇಳಿ ಇಡುವಳು. ಮಗಳೊಡನೆ ಮಾತು ಬಿಟ್ಟಿದ್ದಳು.

ಇತ್ತ ಏಜೆಂಟ್ ಕಡೆಯಿಂದ ಸುದ್ದಿಯಿಲ್ಲ. ನಾನು ಅಂಡು ಸುಟ್ಟ ಬೆಕ್ಕಿನ ಹಾಗೆ ಮನೆಯೆಲ್ಲ ಅಲೆದೆ. ಫೋನನ್ನು ಕಿಸೆಯಲ್ಲಿಟ್ಟುಕೊಂಡೇ ಪಾತ್ರೆ ತೊಳೆದೆ, ಕೈ ಒದ್ದೆ ಇದ್ದಾಗ ಗಂಟೆ ಹೊಡೆದರೆ ಎಂದು ಪಾತ್ರೆ ಬಿಟ್ಟೆ. ಟ್ರಾಮ್ ಹತ್ತಿ ಕೊನೆಯ ನಿಲ್ದಾಣಕ್ಕೆ ಹೋಗಿ ಅದೇ ಟ್ರಾಮಿನಲ್ಲಿ ಬಂದೆ. ಕೊನೆಗೆ ನಾಲ್ಕನೆಯ ದಿನ ಮಧ್ಯಾಹ್ನ ಏಜೆಂಟ್ ಕರೆ ಮಾಡಿದಳು. ಕಳಿಸಿದ ದೃಶ್ಯ ಎಲ್ಲರಿಗೂ ಹಿಡಿಸಿದೆ, ನಿರ್ದೇಶಕ ಎರಡು ಸಲ ನೋಡಿದನಂತೆ ಎಂದಳು. ಅಷ್ಟು ಒಳ್ಳೆಯ ಮಾತು ಮೊದಲು ಬಂದರೆ ಹಿಂದೆ ಏನು ಬರುತ್ತದೆ ಎಂದು ಈ ಕಸುಬಿನಲ್ಲಿ ಎಲ್ಲರಿಗೂ ಗೊತ್ತು. ಎಪ್ಪತ್ತು ದಾಟಿದವಳನ್ನು, ಅದರಲ್ಲೂ ಗಡಿ ದಾಟಿ ಬರುವವಳನ್ನು, ಈ ಕಾಲದಲ್ಲಿ ವಿಮೆಯವರು ಒಪ್ಪಲಿಲ್ಲ. ನನಗಿಂತ ಚಿಕ್ಕವಳೊಬ್ಬಳಿಗೆ ಬಿಳಿ ಕೂದಲು ಹಚ್ಚಿ ಮಾಡಿಸುತ್ತಾರೆ. ನಾನು ಥ್ಯಾಂಕ್ಸ್ ಹೇಳಿ ಇಟ್ಟೆ. ಆಮೇಲೆ ದಾವಣಗೆರೆಯ ಬೀದಿಯಲ್ಲಿ ಕಲಿತ ಬೈಗುಳಗಳನ್ನೆಲ್ಲ ಆ ವಿಮೆಯವರಿಗೆ ಹಾಕಿದೆ. ಒಂದೂ ಮರೆತಿರಲಿಲ್ಲ.

ಮಾತು ಮಾತೇ. ಮೊಳೆಯಿಂದ ಬೀಗದ ಕೈ ತೆಗೆದುಕೊಂಡು ಮೇಲೆ ಹೋಗಿ ಮಗಳ ಮೇಜಿನ ಮೇಲೆ ಇಟ್ಟೆ. ಹೆಮೇಂತೆಗೆ ಯಾವತ್ತು ಹೋಗೋಣ ಹೇಳು ಎಂದೆ. ಅವಳು ಕಂಪ್ಯೂಟರ್ ಮುಚ್ಚಿದಳು. ಬೀಗದ ಕೈಯನ್ನು ಸ್ವಲ್ಪ ಹೊತ್ತು ನೋಡಿ, ನನ್ನ ಕಡೆ ತಳ್ಳಿದಳು.

"ಖಾಲಾ ಬೈದಿದ್ದು ತಪ್ಪಲ್ಲ ಅಮ್ಮಿ. ಆ ಮಗನ ಡೈಲಾಗ್ ಓದ್ತಾ ನಾನೇನೂ ಆ್ಯಕ್ಟ್ ಮಾಡ್ಲಿಲ್ಲ. ಇಷ್ಟು ದಿನ ನಿಮ್ಗೆ ಹೇಳ್ತಿದ್ದಿದ್ದನ್ನೇ ಇಂಗ್ಲಿಷಲ್ಲಿ ಹೇಳ್ದೆ" ಎಂದಳು. "ಫೋನಲ್ಲಿ ನಿಮ್ ಮುಖ ನೋಡ್ದೆ. ಕೀ ನಿಮ್ಮತ್ರಾನೇ ಇರ್ಲಿ."

ಅವಳಿಗೆ ಅಳು ಬಂತು, ನನಗೂ ಬಂತು. ಅವಳು ಹೆದರಿಯೇ ನನ್ನನ್ನು ಹಿಡಿದಿಟ್ಟುಕೊಂಡಿದ್ದಳು, ಅದು ನನಗೆ ಮೊದಲಿಂದ ಗೊತ್ತಿತ್ತು. ಗೊತ್ತಿದ್ದೂ ಸಿಟ್ಟಾಗಿದ್ದೆ. ಹೆಮೇಂತೆಗೆ ನಾವು ಹೋಗಲಿಲ್ಲ. ಚಳಿಗಾಲ ಕಳೆಯುವ ಹೊತ್ತಿಗೆ ನಾನು ಲಂಡನ್ನಿನಲ್ಲಿದ್ದೆ, ನನ್ನ ಬಾಗಿಲನ್ನು ನಾನೇ ತೆಗೆದುಕೊಂಡು.

ಆದರೆ ಅದು ಆಮೇಲಿನ ಮಾತು. ಆ ಸಂಜೆ, ಇನ್ನೂ ಮೂಗು ಒರೆಸಿಕೊಳ್ಳುತ್ತಿದ್ದಾಗಲೇ, ಆಪಾಳ ಕರೆ ಬಂತು. ನನ್ನ ಮುಖ ನೋಡಿ, ಮತ್ತೆ ಏನು ಮಾಡಿದಳು ಎಂದು ಕೇಳಿದಳು. ಮಗಳು ಏನೂ ಮಾಡಲಿಲ್ಲ, ನಿನಗೆ ಕಳಿಸಿದ್ದೆನಲ್ಲ, ಆ ಕೆಲಸ ನನಗೆ ಸಿಗಲಿಲ್ಲ, ಬೇರೆಯವಳಿಗೆ ಕೊಟ್ಟರು ಎಂದೆ. ಆಪಾ ಫೋನನ್ನು ಮುಖದ ಹತ್ತಿರಕ್ಕೆ ತಂದುಕೊಂಡು ನನ್ನನ್ನು ನೋಡಿದಳು. ಹಿಂದೆ ಅವಳ ಮನೆಯ ಫ್ಯಾನು ತಿರುಗುವುದು ಕೇಳುತ್ತಿತ್ತು. ಇಡೀ ಮನೆ ತೋರಿಸಿದರೂ ನಂಬದವಳು ಈಗ ನಂಬಿದ್ದಳು. ಸಿಗದೇ ಹೋದ ಕೆಲಸದ ಬಗ್ಗೆ ಯಾರು ಸುಳ್ಳು ಹೇಳುತ್ತಾರೆ?

"ಅಂದ್ರೆ ನಿಜವಾಗ್ಲೂ ನಾಟಕಾನೇನೇ ಅದು?" ಎಂದಳು.

ಹೂಂ ಎಂದೆ.

"ನಾನು ಮೂರು ರಾತ್ರಿ ನಿದ್ದೆ ಮಾಡಿಲ್ಲ ಕಣೆ. ಇಷ್ಟು ಬರೋಳನ್ನ ಇಟ್ಕೊಂಡು, ಮೂವತ್ತು ವರ್ಷ ಬರೀ ಬಾಗ್ಲು ತೆಗಿಸಿದ್ರಾ ಅವ್ರು?"

ನನ್ನ ಎಡಭುಜ ಅಭ್ಯಾಸದಂತೆ ಹಿಂದಕ್ಕೆ ಎಳೆಯಿತು. ಅದನ್ನು ಹಿಡಿದುಕೊಂಡು, ಅವಳು ನೋಡಲಿ ಎಂದು ಫೋನಿನ ಮುಂದೆ ಹಾಗೇ ಕೂತೆ.